ಚೆಂಬು ನೀರು, ಅಂಟಿನುಂಡೆ, ಅಗ್ಗಿಷ್ಟಿಕೆ: ಬಾಣಂತನದಲ್ಲಿ ಯಾವುದು ಇರಲಿ, ಯಾವುದು ಬೇಡ?

ಪ್ರಶ್ನೆ: ನನಗೆ 29 ವರ್ಷ, ಬೆಂಗಳೂರಿನಲ್ಲಿ ಕೆಲಸ. ಸಿಸೇರಿಯನ್ ಆಗಿ ಇವತ್ತಿಗೆ 12 ದಿನ. ಈಗ ಹಾವೇರಿ ಕಡೆಯ ತವರುಮನೆಯಲ್ಲಿದ್ದೇನೆ. ಅವ್ವ ದಿನಕ್ಕೆ ಎರಡು ಲೋಟಕ್ಕಿಂತ ಹೆಚ್ಚು ನೀರು ಕೊಡುವುದಿಲ್ಲ. ಊಟಕ್ಕೆ ಅನ್ನ, ತುಪ್ಪ, ಮೆಣಸಿನ ಸಾರು, ಅಷ್ಟೇ. ತರಕಾರಿ ತಿಂದರೆ ನಂಜು ಅನ್ನುತ್ತಾಳೆ. ಕಿಟಕಿ ಮುಚ್ಚಿ, ಹೊರಸಿನ ಕೆಳಗೆ ಕೆಂಡ ಇಟ್ಟು ಕಾಯಿಸುತ್ತಾಳೆ. ನನ್ನ ಗಂಡ ಫೋನಿನಲ್ಲಿ ‘ಇದೆಲ್ಲ ಮೂಢನಂಬಿಕೆ, ಒಂದನ್ನೂ ಕೇಳಬೇಡ’ ಅನ್ನುತ್ತಾರೆ. ಅವ್ವನ ಮನಸ್ಸು ನೋಯಿಸಲೂ ಆಗುತ್ತಿಲ್ಲ. ಹೊಲಿಗೆಯ ಮೇಲೆ ಬಿಸಿನೀರು ಹಾಕಿಸಿಕೊಳ್ಳಬಹುದೇ? ಅಂಟಿನುಂಡೆ ಎಷ್ಟು ತಿನ್ನಬೇಕು? ಐದು ತಿಂಗಳಿಗೆ ಆಫೀಸಿಗೆ ಮರಳಬೇಕು, ಮಗುವಿನ ಹಾಲಿಗೆ ಏನು ಮಾಡಲಿ?

ಉತ್ತರ: ಮೊದಲು ತುರ್ತಿನ ಮಾತು. ಇವತ್ತೇ ನೀರು ಹೆಚ್ಚು ಮಾಡಿ, ಹೊರಸಿನ ಕೆಳಗಿನ ಕೆಂಡ ತೆಗೆಸಿ. ಇವೆರಡನ್ನು ನಾಳೆಗೆ ದಾಟಿಸುವಂತಿಲ್ಲ. ಉಳಿದದ್ದನ್ನು ಅವ್ವನ ಜೊತೆ ಕೂತು ನಿಧಾನಕ್ಕೆ ಬದಲಿಸಿಕೊಳ್ಳಬಹುದು. ಕೆಲವನ್ನಂತೂ ಬದಲಿಸುವ ಅಗತ್ಯವೇ ಇಲ್ಲ.

ನಿಮ್ಮ ಗಂಡ ಹೇಳುವುದು ಅರ್ಧ ಸರಿ, ಅರ್ಧ ತಪ್ಪು. ಬಾಣಂತಿ ಕಸಬರಿಗೆ ಮುಟ್ಟುವಂತಿಲ್ಲ, ಒಲೆಯ ಮುಂದೆ ನಿಲ್ಲುವಂತಿಲ್ಲ, ಮಗುವಿನ ಬಟ್ಟೆ ಬೇರೆಯವರು ಒಗೆಯಬೇಕು, ರಾತ್ರಿ ಮಗು ಅತ್ತರೆ ಎತ್ತಿಕೊಡಲು ಪಕ್ಕದಲ್ಲೊಬ್ಬರು ಮಲಗಬೇಕು. ಇದು ಯಾವ ಆಸ್ಪತ್ರೆಯ ಡಿಸ್ಚಾರ್ಜ್ ಚೀಟಿಯಲ್ಲೂ ಬರೆದಿರುವುದಿಲ್ಲ, ಆದರೆ ಹೊಟ್ಟೆ ಕೊಯ್ದು ಹೊಲಿದ ಹೆಣ್ಣಿಗೆ ಇದಕ್ಕಿಂತ ಒಳ್ಳೆಯ ಆರೈಕೆ ಇಲ್ಲ. ಬೆಂಗಳೂರಿನ ಅಪಾರ್ಟ್‌ಮೆಂಟಿನಲ್ಲಿ ಎಂಟನೇ ದಿನಕ್ಕೇ ಕುಕ್ಕರ್ ಇಡುವವರಿಗೆ ಇದರ ಬೆಲೆ ಗೊತ್ತು. ಗರ್ಭಕೋಶ ಮೊದಲಿನ ಗಾತ್ರಕ್ಕೆ ಕುಗ್ಗಲು ಸುಮಾರು ಆರು ವಾರ ಬೇಕು. ನಮ್ಮವರ 40 ದಿನದ ಲೆಕ್ಕವೂ ಅಲ್ಲಿಗೇ ಬರುತ್ತದೆ. ತವರಿನಲ್ಲಿ ಮೂರು ತಿಂಗಳೋ ಐದು ತಿಂಗಳೋ ಉಳಿಯುವ ಪದ್ಧತಿ, ಬೇಗನೆ ಮತ್ತೊಂದು ಬಸಿರು ನಿಲ್ಲದಂತೆ ತಡೆಯುವ ಕೆಲಸವನ್ನೂ ಸದ್ದಿಲ್ಲದೆ ಮಾಡುತ್ತಿತ್ತು.

ಅವ್ವನ ಹೆದರಿಕೆಯೂ ಸುಮ್ಮನೆ ಹುಟ್ಟಿದ್ದಲ್ಲ. ನಂಜು, ಸನ್ನಿ ಎಂಬ ಎರಡು ಮಾತುಗಳ ಹಿಂದೆ ನಿಜವಾದ ಸಾವುಗಳಿವೆ. ಆಂಟಿಬಯಾಟಿಕ್ ಇಲ್ಲದ ಕಾಲದಲ್ಲಿ ಗರ್ಭಕೋಶಕ್ಕೆ ಸೋಂಕು ತಗುಲಿ, ಜ್ವರ ಏರಿ, ಬಡಬಡಿಸುತ್ತಾ ಸತ್ತ ಬಾಣಂತಿಯರು ಪ್ರತಿ ಊರಿನಲ್ಲೂ ಇದ್ದರು. ಕಾರಣ ತಿಳಿಯದಾಗ ಜನ ಕಣ್ಣಿಗೆ ಕಂಡದ್ದನ್ನೆಲ್ಲ ನಿಲ್ಲಿಸಿದರು: ನೀರು, ಗಾಳಿ, ತರಕಾರಿ. ಆ ಸೋಂಕು ಬರುತ್ತಿದ್ದದ್ದು ಬದನೆಕಾಯಿಯಿಂದಲ್ಲ, ತೊಳೆಯದ ಕೈಯಿಂದ, ಮಾಸಿದ ಬಟ್ಟೆಯಿಂದ.

ಈಗ ನೀರಿನ ವಿಷಯ. ನೀರು ಕುಡಿದರೆ ಹೊಟ್ಟೆ ಇಳಿಯುವುದಿಲ್ಲ, ಗಾಯ ಒಣಗುವುದಿಲ್ಲ, ಮಗುವಿಗೆ ಶೀತವಾಗುತ್ತದೆ ಎಂಬ ಮೂರು ಕಾರಣ ಹೇಳುತ್ತಾರೆ. ಮೂರೂ ಆಗುವುದಿಲ್ಲ. ಕುಡಿಯದಿದ್ದರೆ ಆಗುವುದು ಬೇರೆ. ಹೆರಿಗೆಯ ರಕ್ತಸ್ರಾವ ನಿಲ್ಲಲೆಂದು ದೇಹ ರಕ್ತ ಹೆಪ್ಪುಗಟ್ಟುವ ಶಕ್ತಿಯನ್ನು ಹೆಚ್ಚಿಸಿಕೊಂಡಿರುತ್ತದೆ, ಮೊದಲ ಆರು ವಾರ ಆ ಸ್ಥಿತಿ ಜೋರಾಗಿಯೇ ಇರುತ್ತದೆ. ಅದರ ಮೇಲೆ ನೀರು ಕಡಿಮೆ, ಇಡೀ ದಿನ ಮಂಚದ ಮೇಲೆ. ಆಗ ಕಾಲಿನ ರಕ್ತನಾಳದಲ್ಲಿ, ಕೆಲವರಿಗೆ ಮೆದುಳಿನ ರಕ್ತನಾಳದಲ್ಲೇ ಹೆಪ್ಪು ಕೂರಬಹುದು. ಬೆಂಗಳೂರಿನ ನಿಮ್ಹಾನ್ಸ್‌ನ ತಜ್ಞರು ದಶಕಗಳಿಂದ ಬಾಣಂತಿಯರಲ್ಲಿ ನೋಡುತ್ತಾ ಬಂದಿರುವ ಕಾಯಿಲೆ ಇದು. ದಿನೇ ದಿನೇ ಏರುವ ತಲೆನೋವು, ವಾಂತಿ, ಕಣ್ಣು ಮಂಜಾಗುವುದು, ಫಿಟ್ಸ್, ಒಂದು ಕೈಯೋ ಕಾಲೋ ಬಲ ಕಳೆದುಕೊಳ್ಳುವುದು ಇದರ ಗುರುತು. ಹಳ್ಳಿಗಳಲ್ಲಿ ಇದನ್ನು ಗಾಳಿ ಸೋಕಿದ್ದೆಂದು ತಿಳಿದು ಎರಡು ಮೂರು ದಿನ ಕಳೆದುಬಿಡುತ್ತಾರೆ.

ಹಾಲುಣಿಸುವ ತಾಯಿಗೆ ಊಟ, ಸಾರು, ಹಾಲು ಎಲ್ಲ ಸೇರಿ ದಿನಕ್ಕೆ ಹತ್ತಿರ ಹತ್ತಿರ 3 ಲೀಟರ್ ದ್ರವ ಬೇಕು. ಲೆಕ್ಕ ಇಡುವ ಸುಲಭ ದಾರಿ: ಮಗುವಿಗೆ ಹಾಲು ಕುಡಿಸುವಾಗೆಲ್ಲ ಒಂದು ದೊಡ್ಡ ಲೋಟ, ಅಂದರೆ 250 ಮಿ.ಲೀ. ದಿನಕ್ಕೆ ಎಂಟರಿಂದ ಹತ್ತು ಸಲ ಕುಡಿಸುತ್ತೀರಿ, ಅಲ್ಲಿಗೇ ಎರಡರಿಂದ ಎರಡೂವರೆ ಲೀಟರ್ ಮುಟ್ಟುತ್ತದೆ. ಅವ್ವನ ಜೊತೆ ತಣ್ಣೀರಿಗೆ ಜಗಳ ಬೇಡ. ಕಾಯಿಸಿದ ಜೀರಿಗೆ ನೀರು, ಓಮದ ನೀರು, ತಿಳಿಸಾರು ಎಲ್ಲವೂ ಈ ಲೆಕ್ಕಕ್ಕೆ ಸೇರುತ್ತವೆ. ‘ಬಿಸಿಯದ್ದೇ ಕುಡಿತೀನಿ, ಆದರ ಎರಡು ಲೋಟಕ್ಕ ನಿಲ್ಲೂದಿಲ್ಲ’ ಅಂದರೆ ಹೆಚ್ಚಿನ ತಾಯಂದಿರು ಒಪ್ಪುತ್ತಾರೆ. ಮೂತ್ರ ತಿಳಿ ಹಳದಿ ಇದ್ದರೆ ಸಾಕಷ್ಟು ಕುಡಿಯುತ್ತಿದ್ದೀರಿ ಎಂದರ್ಥ, ಗಾಢ ಬಣ್ಣವಿದ್ದರೆ ಸಾಲದು. ದಿನಕ್ಕೆ ನಾಲ್ಕಾರು ಸಲ ಕೋಣೆಯಿಂದ ಪಡಸಾಲೆಗೆ, ಪಡಸಾಲೆಯಿಂದ ಕೋಣೆಗೆ ನಡೆಯಿರಿ. ವಿಶ್ರಾಂತಿ ಅಂದರೆ ಅಲುಗಾಡದೆ ಬಿದ್ದಿರುವುದಲ್ಲ.

ಕೆಂಡದ ಅಪಾಯ ಸುಡುವುದಷ್ಟೇ ಅಲ್ಲ. ಇದ್ದಿಲು ಉರಿಯುವಾಗ ಕಾರ್ಬನ್ ಮೊನಾಕ್ಸೈಡ್ ಹೊರಡುತ್ತದೆ. ಅದಕ್ಕೆ ವಾಸನೆಯೂ ಇಲ್ಲ, ಬಣ್ಣವೂ ಇಲ್ಲ. ಕಿಟಕಿ ಮುಚ್ಚಿದ ಕೋಣೆಯಲ್ಲಿ ಮೊದಲು ತಲೆಭಾರ, ಆಮೇಲೆ ಮಂಪರು, ಆಮೇಲೆ ಎಚ್ಚರವೇ ಆಗದಿರಬಹುದು. ಬಾಣಂತಿಗೆ ನಿದ್ದೆ ಹತ್ತಿತೆಂದು ಮನೆಯವರು ಸಮಾಧಾನಪಡುತ್ತಾರೆ. ಹೊಗೆಯಿಲ್ಲದ ಕೆಂಡ ಸುರಕ್ಷಿತ ಎಂಬುದು ತಪ್ಪು ತಿಳಿವಳಿಕೆ, ಈ ಅನಿಲಕ್ಕೂ ಕಣ್ಣಿಗೆ ಕಾಣುವ ಹೊಗೆಗೂ ಸಂಬಂಧವಿಲ್ಲ. ಲೋಬಾನದ ಹೊಗೆ ಎಳೆಯ ಮಗುವಿನ ಶ್ವಾಸಕೋಶಕ್ಕೆ ಬೇಡ. ಬೆಚ್ಚಗಿರುವುದಂತೂ ಬೇಕೇ ಬೇಕು: ಬಿಸಿನೀರಿನ ಚೀಲವನ್ನು ದಪ್ಪ ಟವೆಲಿನಲ್ಲಿ ಸುತ್ತಿ ಬೆನ್ನಿಗೆ ಇಟ್ಟುಕೊಳ್ಳಿ, ಕಾಲಿಗೆ ಸಾಕ್ಸ್ ಹಾಕಿ, ಕಿಟಕಿಯ ಒಂದು ಬಾಗಿಲು ತೆರೆದಿಡಿ. ತಲೆಗೆ ಸ್ಕಾರ್ಫ್, ಕಿವಿಗೆ ಹತ್ತಿ ಇದ್ದರೆ ಇರಲಿ, ಯಾವ ಕೇಡೂ ಇಲ್ಲ. ಇಂಥದ್ದನ್ನು ಅವ್ವನಿಗೆ ಬಿಟ್ಟುಕೊಟ್ಟರೆ ನೀರಿನ ಮಾತು ಗೆಲ್ಲುವುದು ಸುಲಭ.

ಊಟದ ಬಗ್ಗೆ ಸ್ವಲ್ಪ ಬಿಡಿಸಿ ಹೇಳಬೇಕು, ಏಕೆಂದರೆ ಇಲ್ಲಿ ಪೆಟ್ಟು ಬೀಳುವುದು ಮಗುವಿಗೆ. ಅನ್ನ, ತುಪ್ಪ, ಮೆಣಸಿನ ಸಾರು ಎಂಬ ಪಥ್ಯ ಹುಟ್ಟಿದ ಕಾಲದಲ್ಲಿ ಅಕ್ಕಿ ಮನೆಯಲ್ಲೇ ಕುಟ್ಟಿದ್ದು, ತೌಡು ಪೂರ್ತಿ ಹೋಗಿರುತ್ತಿರಲಿಲ್ಲ. ಇವತ್ತಿನದು ಮಿಲ್ಲಿನಲ್ಲಿ ಪಾಲಿಶ್ ಆದ ಅಕ್ಕಿ. ಅದನ್ನು ಮೂರು ನಾಲ್ಕು ಸಲ ತೊಳೆದು, ಗಂಜಿ ಬಸಿದು ಮಾಡಿದ ಅನ್ನದಲ್ಲಿ ಥಯಾಮಿನ್, ಅಂದರೆ ಬಿ1 ಜೀವಸತ್ವ, ಇಲ್ಲವೆನ್ನುವಷ್ಟು ಕಡಿಮೆ. ಬೇಳೆ, ಕಾಳು, ತರಕಾರಿಯೂ ಇಲ್ಲದಾಗ ತಾಯಿಯ ದೇಹದಲ್ಲಿ ಅದು ಖಾಲಿಯಾಗುತ್ತದೆ, ಹಾಲಿನಲ್ಲೂ ಇಳಿಯುತ್ತದೆ. ಎರಡು ಮೂರು ತಿಂಗಳ, ಎದೆಹಾಲು ಮಾತ್ರ ಕುಡಿಯುವ, ದುಂಡುದುಂಡಾಗಿದ್ದ ಮಗು ಇದ್ದಕ್ಕಿದ್ದಂತೆ ಹಾಲು ಬಿಡುತ್ತದೆ, ವಾಂತಿ ಮಾಡುತ್ತದೆ, ಅಳುವ ದನಿ ಒಡೆಯುತ್ತದೆ, ಏದುಸಿರು ಬರುತ್ತದೆ. ಶ್ವಾಸಕೋಶದ ರಕ್ತನಾಳದಲ್ಲಿ ಒತ್ತಡ ಏರಿ ಹೃದಯ ಸೋಲುವ ಹಂತಕ್ಕೆ ಬಂದ ಇಂಥ ಮಕ್ಕಳನ್ನು ಕರ್ನಾಟಕದ ವೈದ್ಯರೇ ದಾಖಲಿಸಿದ್ದಾರೆ. ತಾಯಂದಿರಲ್ಲಿ ಬಹುತೇಕರು ಇದೇ ಪಥ್ಯದಲ್ಲಿದ್ದವರು. ಥಯಾಮಿನ್ ಇಂಜೆಕ್ಷನ್ ಕೊಟ್ಟರೆ ಒಂದೆರಡು ದಿನದೊಳಗೆ ಮಗು ಚೇತರಿಸಿಕೊಳ್ಳುತ್ತದೆ. ಆದರೆ ಕಾರಣ ಹೊಳೆಯದೆ ನ್ಯುಮೋನಿಯಾ ಎಂದು ಚಿಕಿತ್ಸೆ ನಡೆದರೆ ಹೊತ್ತು ಮೀರುತ್ತದೆ. ಹಾಗಾಗಿ ಮಗುವನ್ನು ಯಾವ ವೈದ್ಯರಿಗೆ ತೋರಿಸಿದರೂ ನಿಮ್ಮ ಪಥ್ಯ ಏನಿತ್ತು ಎಂಬುದನ್ನು ಅವರು ಕೇಳದಿದ್ದರೂ ಹೇಳಿ. ನಿಮಗೇ ಪಾದ ಜುಮ್ಮೆನ್ನುವುದು, ಮೆಟ್ಟಿಲು ಹತ್ತಲು ತೊಡೆ ಬಾರದಿರುವುದು ಶುರುವಾಗಿದ್ದರೆ ಅದೇ ಮೊದಲ ಸೂಚನೆ.

ಇದನ್ನು ತಪ್ಪಿಸಲು ಊಟವನ್ನು ತಲೆಕೆಳಗು ಮಾಡಬೇಕಿಲ್ಲ. ನಿಮ್ಮ ಕಡೆ ಜೋಳದ ರೊಟ್ಟಿ ಇದ್ದೇ ಇದೆ, ಒಂದು ಹೊತ್ತು ಅದಾಗಲಿ. ಅಕ್ಕಿಯನ್ನು ಒಮ್ಮೆ ಮಾತ್ರ ತೊಳೆದು, ನೀರು ಬಸಿಯದೆ ಇಂಗಿಸಿ ಬೇಯಿಸಲಿ. ಮೆಣಸಿನ ಸಾರಿಗೇ ಹೆಸರುಬೇಳೆಯ ಕಟ್ಟು ಸೇರಿಸಿದರೆ ಅವ್ವನಿಗೂ ಹೊಸದೆನಿಸುವುದಿಲ್ಲ. ಶೇಂಗಾ ಹಿಂಡಿ (ಚಟ್ನಿಪುಡಿ) ಒಂದು ಚಮಚ ತಟ್ಟೆಗೆ ಬರಲಿ. ಮಾಂಸಾಹಾರಿಗಳಾದರೆ ಮೊಟ್ಟೆ ತಿನ್ನಿ. ಸೊಪ್ಪು, ತರಕಾರಿಯಲ್ಲಿ ಪದ್ಧತಿಯೇ ಒಪ್ಪುವ ಸಬ್ಬಸಿಗೆ, ಮೆಂತ್ಯ, ಹೀರೆಕಾಯಿ, ಸೋರೆಕಾಯಿಯಿಂದ ಶುರು ಮಾಡಿ. ಎರಡು ದಿನಕ್ಕೊಂದು ಹೊಸ ತರಕಾರಿ ಸೇರಿಸುತ್ತಾ ಹೋಗಿ, ಮಗುವಿಗೆ ಏನೂ ಆಗದಿರುವುದನ್ನು ಅವ್ವ ಕಣ್ಣಾರೆ ನೋಡಲಿ. ಮಗುವಿನ ಹೊಟ್ಟೆಯುಬ್ಬರಕ್ಕೆ ತಾಯಿ ತಿಂದ ಆಲೂಗಡ್ಡೆಯನ್ನು ದೂರುವುದು ರೂಢಿ, ಆದರೆ ಹೆಚ್ಚಿನ ಸಲ ಹಾಲಿನ ಜೊತೆ ಗಾಳಿ ನುಂಗಿರುತ್ತದೆ ಅಷ್ಟೇ. ಹೆಗಲ ಮೇಲೆ ಹಾಕಿಕೊಂಡು ತೇಗು ಬರಿಸಿ. ಅಂಗನವಾಡಿಯ ಮಾತೃಪೂರ್ಣ ಯೋಜನೆ 2017ರಿಂದ ಬಾಣಂತಿಯರಿಗೆ ಬಿಸಿಯೂಟ ಕೊಡುತ್ತಿದೆ, ಅನ್ನ, ಬೇಳೆ, ತರಕಾರಿ, ಮೊಟ್ಟೆ, ಹಾಲು ಎಲ್ಲ ಸೇರಿ. ಹೊಸ್ತಿಲು ದಾಟದ ಬಾಣಂತಿ ಅಲ್ಲಿಗೆ ಹೋಗಿ ಉಣ್ಣುವುದೇ ಇದರ ದೊಡ್ಡ ತೊಡಕು. ಆದರೂ ಕಾರ್ಯಕರ್ತೆಯನ್ನು ಒಮ್ಮೆ ಕೇಳಿ ನೋಡಿ.

ಅಂಟಿನುಂಡೆ ಖಂಡಿತ ತಿನ್ನಿ, ಆದರೆ ಅಳತೆ ಇರಲಿ. ಹಾಲುಣಿಸುವ ಮೊದಲ ಆರು ತಿಂಗಳು ದಿನಕ್ಕೆ 600 ಕ್ಯಾಲೊರಿ ಹೆಚ್ಚು ಬೇಕೆಂದು ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿ (ಐಸಿಎಂಆರ್) ಹೇಳುತ್ತದೆ, ಜೊತೆಗೆ ಸುಮಾರು 17 ಗ್ರಾಂ ಹೆಚ್ಚಿನ ಪ್ರೋಟೀನ್. ಒಣಕೊಬ್ಬರಿ ಕಾಲು ಕೆಜಿ, ಉತ್ತತ್ತಿ ಕಾಲು ಕೆಜಿ, ಬೆಲ್ಲ 300 ಗ್ರಾಂ, ತುಪ್ಪ 150 ಗ್ರಾಂ, ಬಾದಾಮಿ ಗೋಡಂಬಿ ಸೇರಿ 200 ಗ್ರಾಂ, ಗಸಗಸೆ 50 ಗ್ರಾಂ, ಅಂಟು (ತಿನ್ನುವ ಮರದ ಗೋಂದು) 100 ಗ್ರಾಂ ಹಾಕಿ 40 ಉಂಡೆ ಕಟ್ಟಿದರೆ ಒಂದೊಂದರಲ್ಲಿ 150ರಿಂದ 170 ಕ್ಯಾಲೊರಿ ಇರುತ್ತದೆ. ಬೆಳಿಗ್ಗೆ ಒಂದು, ಸಂಜೆ ಒಂದು ತಿಂದರೆ ಹೆಚ್ಚುವರಿ ಬೇಡಿಕೆಯ ಅರ್ಧ ತೀರಿತು. ದಿನಕ್ಕೆ ಐದಾರು ತಿಂದು, ಮೇಲೆ ತುಪ್ಪದ ಅನ್ನವೂ ಆದರೆ ಆರನೇ ತಿಂಗಳಿಗೆ ತೂಕ ಇಳಿಸುವ ಚಿಂತೆ ಹತ್ತುತ್ತದೆ. ಬಸಿರಿನಲ್ಲಿ ಸಕ್ಕರೆ ಕಾಯಿಲೆ ಇದ್ದವರು ಸದ್ಯ ಅರ್ಧ ಉಂಡೆಗೆ ನಿಲ್ಲಿಸಿ, ಆರರಿಂದ ಹನ್ನೆರಡನೇ ವಾರದೊಳಗೆ ಗ್ಲೂಕೋಸ್ ಪರೀಕ್ಷೆ ಮಾಡಿಸಿಕೊಂಡು ಮುಂದಿನದು ನೋಡಬೇಕು.

ಮಾಡುವಾಗ ಎಡವುವುದು ಎರಡು ಕಡೆ. ಅಂಟನ್ನು ಜೋರು ಉರಿಯಲ್ಲಿ ಕರಿದರೆ ಹೊರಗೆ ಅರಳಿ ಒಳಗೆ ಹಸಿಯಾಗಿಯೇ ಉಳಿಯುತ್ತದೆ, ಆಮೇಲೆ ಹಲ್ಲಿಗೆ ಮೆತ್ತುತ್ತದೆ. ಸಣ್ಣ ಉರಿಯಲ್ಲಿ ನಾಲ್ಕಾರು ಹರಳಷ್ಟೇ ಹಾಕುತ್ತಾ ಕರಿಯಬೇಕು, ಬೆರಳಲ್ಲಿ ಹಿಸುಕಿದರೆ ಪುಡಿಯಾಗಬೇಕು. ಬೆಲ್ಲ ಕರಗಿ ನೊರೆ ಬಂದ ಕೂಡಲೇ ಇಳಿಸಬೇಕು, ಪಾಕ ಏರಿದರೆ ಉಂಡೆ ಕಲ್ಲಾಗುತ್ತದೆ. ಇನ್ನೊಂದು ಮುಖ್ಯ ಮಾತು: ಅಂಟು ನೀರು ಹೀರುವ ನಾರು. ನೀರು ಕುಡಿಯದೆ ಅಂಟಿನುಂಡೆ ತಿಂದರೆ ಮಲ ಗಟ್ಟಿಯಾಗಿ, ಮುಕ್ಕಿದಾಗ ಹೊಲಿಗೆಯೆಲ್ಲ ಎಳೆದಂತಾಗಿ ನೋಯುತ್ತದೆ. ಉಂಡೆಯ ಹಿಂದೆ ಒಂದು ಲೋಟ ನೀರು ಹೋಗಲೇಬೇಕು. ಅಳವಿ ಬೀಜದ ಪಾಯಸಕ್ಕೂ ಇದೇ ಮಾತು.

ಇವೆಲ್ಲ ಕಬ್ಬಿಣದ ಮಾತ್ರೆಗೆ ಬದಲಿಯಲ್ಲ. ಹೆರಿಗೆಯ ನಂತರ 180 ದಿನ, ದಿನಕ್ಕೊಂದು ಕಬ್ಬಿಣ ಮತ್ತು ಫೋಲಿಕ್ ಆಸಿಡ್ ಮಾತ್ರೆ. ಕ್ಯಾಲ್ಸಿಯಂ 500 ಮಿ.ಗ್ರಾಂ.ನದು ದಿನಕ್ಕೆರಡು, ಅದೂ ಆರು ತಿಂಗಳು. ಎರಡನ್ನೂ ಒಟ್ಟಿಗೆ ನುಂಗಿದರೆ ಕಬ್ಬಿಣ ಮೈಗೆ ಹತ್ತುವುದಿಲ್ಲ, ಕನಿಷ್ಠ ಎರಡು ಗಂಟೆ ಅಂತರ ಬೇಕು. ಚಹಾ ಕಾಫಿಯ ಜೊತೆಗಂತೂ ಬೇಡವೇ ಬೇಡ.

ಇನ್ನು ಸ್ನಾನ. ಎಣ್ಣೆ ತಿಕ್ಕುವುದು ಕೈ, ಕಾಲು, ಬೆನ್ನು, ಹೆಗಲಿಗೆ ಒಳ್ಳೆಯದು. ಮಗುವನ್ನು ಎತ್ತಿ ಬಗ್ಗಿ ಹಿಡಿದ ಹೆಗಲಿಗೆ ಅದರಂಥ ಸುಖ ಇನ್ನೊಂದಿಲ್ಲ. ಹೊಟ್ಟೆಯನ್ನು ಮಾತ್ರ ಆರು ವಾರ ಯಾರೂ ತಿಕ್ಕಬಾರದು. ಹೊಲಿಗೆಯ ಮೇಲೆ ನೀರು ಬೀಳಬಹುದು, ಆದರೆ ಹಂಡೆಯ ಕುದಿ ನೀರನ್ನು ಚೆಂಬಿನಲ್ಲಿ ಮೊಗೆದು ರಪರಪನೆ ಎರಚಿಸಿಕೊಳ್ಳಬೇಡಿ. ಕೊಯ್ದ ಜಾಗದ ಸಣ್ಣ ನರಗಳು ಕತ್ತರಿಸಿ ಹೋಗಿರುವುದರಿಂದ ಗಾಯದ ಸುತ್ತ ತಿಂಗಳುಗಟ್ಟಲೆ ಜೋಮು ಹಿಡಿದಂತಿರುತ್ತದೆ. ಚರ್ಮ ಸುಟ್ಟರೂ ನಿಮಗೆ ಗೊತ್ತಾಗುವುದಿಲ್ಲ, ಸಂಜೆ ಗುಳ್ಳೆ ಎದ್ದಾಗಲೇ ತಿಳಿಯುವುದು. ಮುಂಗೈ ಒಳಭಾಗಕ್ಕೆ ಹಾಕಿ ನೋಡಿ, ಹಿತವಾದ ಬಿಸಿ ಸಾಕು. ಬರಿಹೊಟ್ಟೆಯಲ್ಲಿ ಸ್ನಾನಕ್ಕೆ ಹೋಗಬೇಡಿ, ಸ್ಟೂಲ್ ಮೇಲೆ ಕೂತೇ ಮಾಡಿ, ಚಿಲಕ ಹಾಕಬೇಡಿ. ರಕ್ತ ಕಡಿಮೆಯಾದ ಬಾಣಂತಿಗೆ ಬಿಸಿ ಬಚ್ಚಲಲ್ಲಿ ತಲೆ ತಿರುಗುವುದು ತೀರಾ ಮಾಮೂಲು. ಮುಗಿದ ಮೇಲೆ ಹೊಟ್ಟೆಯ ಮಡಿಕೆ ಎತ್ತಿ, ಬೇರೆಯೇ ಇಟ್ಟ ಹತ್ತಿ ಬಟ್ಟೆಯಿಂದ ಗಾಯವನ್ನು ಉಜ್ಜದೆ ಒತ್ತಿ ಒರೆಸಿ. ಅರಿಶಿನ, ಎಣ್ಣೆ, ಪೌಡರ್ ಏನೂ ಹಚ್ಚಬೇಡಿ, ಗಾಯಕ್ಕೆ ಬೇಕಿರುವುದು ಒಣಗಿರುವುದು. ಹೊಟ್ಟೆ ಕಟ್ಟುವ ಪದ್ಧತಿಯಿಂದ ಹೊಟ್ಟೆ ಒಳಗೆ ಹೋಗುವುದಿಲ್ಲ, ಆದರೆ ಎದ್ದು ನಡೆಯುವಾಗ ಆಸರೆ ಸಿಗುತ್ತದೆ. ಒಂದು ಬೆರಳು ಸಲೀಸಾಗಿ ತೂರುವಷ್ಟು ಸಡಿಲ ಇರಲಿ, ಊಟಕ್ಕೆ ಮತ್ತು ಮಲಗುವಾಗ ಬಿಚ್ಚಿ. ಸೊಂಟನೋವನ್ನು ಬೆನ್ನಿಗೆ ಕೊಟ್ಟ ಇಂಜೆಕ್ಷನ್ ಮೇಲೆ ಹಾಕುವವರು ಬಹಳ. ಸಾಮಾನ್ಯವಾಗಿ ಅದು ಬಗ್ಗಿ ಕೂತು ಹಾಲು ಕೊಡುವುದರಿಂದ ಬರುವ ನೋವು. ಬೆನ್ನಿಗೆ ಗೋಡೆ, ತೊಡೆಯ ಮೇಲೆ ದಿಂಬು, ಮಗು ಎದೆಯ ಮಟ್ಟಕ್ಕೆ ಬರಲಿ.

ಮಗುವಿಗೆ ಜೇನುತುಪ್ಪ ಒಂದು ವರ್ಷದವರೆಗೆ ನೆಕ್ಕಿಸಬಾರದು. ಬಜೆ ತೇಯ್ದು ಹಾಕುವುದು, ಮೂಗಿಗೆ ಕಿವಿಗೆ ಎಣ್ಣೆ ಬಿಡುವುದು, ಕಣ್ಣಿಗೆ ಕಾಡಿಗೆ, ಎಳೆಮಗುವಿನ ಎದೆ ಹಿಂಡುವುದು ಯಾವುದೂ ಬೇಡ. ದೃಷ್ಟಿಬೊಟ್ಟು ಅಂಗಾಲಿಗೆ ಇಟ್ಟರೆ ನಮ್ಮ ತಕರಾರಿಲ್ಲ.

ಸನ್ನಿಯ ಮಾತು ಮೇಲೆ ಬಂತು. ಮೂರನೇ, ನಾಲ್ಕನೇ ದಿನ ಕಾರಣವಿಲ್ಲದೆ ಅಳು ಬರುವುದು ಸಹಜ, ಎರಡು ವಾರದಲ್ಲಿ ತಾನಾಗಿ ಹೋಗುತ್ತದೆ. ಅದಕ್ಕಿಂತ ಹೆಚ್ಚು ದಿನ ಮನಸ್ಸು ಕುಸಿದೇ ಇದ್ದರೆ, ಮಗುವಿನ ಮೇಲೆ ಯಾವ ಭಾವನೆಯೂ ಹುಟ್ಟದಿದ್ದರೆ ಅದು ಕಾಯಿಲೆ, ಅದಕ್ಕೆ ಮದ್ದಿದೆ. ಮಗು ಮಲಗಿದರೂ ಬಾಣಂತಿ ಎರಡು ಮೂರು ರಾತ್ರಿ ಕಣ್ಣೇ ಮುಚ್ಚುತ್ತಿಲ್ಲ, ಅತಿಯಾಗಿ ಮಾತಾಡುತ್ತಾಳೆ, ಮನೆಯವರ ಮೇಲೆ ಸಂಶಯ, ಮಗು ತನ್ನದಲ್ಲ ಎನ್ನುತ್ತಾಳೆ ಎಂದರೆ ಅದೇ ದಿನ ಆಸ್ಪತ್ರೆ, ಮಗುವಿನ ಜೊತೆ ಒಬ್ಬಳನ್ನೇ ಬಿಡಬೇಡಿ. ಟೆಲಿ-ಮಾನಸ್ ಸಹಾಯವಾಣಿ 14416, ಕನ್ನಡದಲ್ಲೇ ಮಾತಾಡುತ್ತಾರೆ. ಕತ್ತಲೆ ಕೋಣೆ, ಮಾತಿಗೆ ಯಾರೂ ಇಲ್ಲ ಎಂಬ ಬಾಣಂತನ ಈ ವಿಷಯದಲ್ಲಿ ಕೆಡುಕು ಮಾಡುತ್ತದೆ. ಬೆಳಿಗ್ಗೆ ಅರ್ಧ ಗಂಟೆ ಅಂಗಳದಲ್ಲಿ ಕೂತುಕೊಳ್ಳಿ.

100.4 ಡಿಗ್ರಿ ಅಥವಾ ಮೇಲ್ಪಟ್ಟ ಜ್ವರ, ಒಂದೇ ಗಂಟೆಯಲ್ಲಿ ಪ್ಯಾಡ್ ತೋಯುವಷ್ಟು ರಕ್ತ, ನಾರುವ ಸ್ರಾವ, ಗಾಯದಲ್ಲಿ ಕೀವು, ಒಂದೇ ಕಾಲಿನ ಮೀನಖಂಡ ಊದಿ ನೋವು, ಏದುಸಿರು, ಬಿಡದ ತಲೆನೋವು ಇವುಗಳಲ್ಲಿ ಒಂದು ಕಂಡರೂ ಪುರುಡು, ಮೈಲಿಗೆ, ಅಮಾವಾಸ್ಯೆ ಯಾವುದನ್ನೂ ನೋಡದೆ 108ಕ್ಕೆ ಕರೆ ಮಾಡಿ.

ಕೊನೆಗೆ ಆಫೀಸು. ಕಾನೂನಿನ ಪ್ರಕಾರ ಮೊದಲ ಎರಡು ಹೆರಿಗೆಗೆ 26 ವಾರ ಸಂಬಳ ಸಹಿತ ರಜೆ, ಅದರಲ್ಲಿ ಹೆರಿಗೆಗೆ ಮೊದಲು ಹೆಚ್ಚೆಂದರೆ 8 ವಾರ ತೆಗೆದುಕೊಳ್ಳಬಹುದು. ನೀವು ನಾಲ್ಕು ವಾರ ಮೊದಲೇ ತೆಗೆದುಕೊಂಡಿದ್ದರೆ ಉಳಿದದ್ದು 22 ವಾರ, ನಿಮ್ಮ ಐದು ತಿಂಗಳ ಲೆಕ್ಕ ಅಲ್ಲಿಗೆ ಸರಿಹೋಗುತ್ತದೆ. ಗಳಿಕೆ ರಜೆ ಇದ್ದರೆ ಆರು ತಿಂಗಳವರೆಗೆ ಎಳೆಯಿರಿ, ಆಗ ಮೇಲಾಹಾರ ಶುರುವಾಗಿ ಮಗು ಹಗಲಿಗೆ ಪೂರ್ತಿ ಹಾಲನ್ನೇ ನೆಚ್ಚಿಕೊಂಡಿರುವುದಿಲ್ಲ. 50 ಅಥವಾ ಹೆಚ್ಚು ಜನ ಕೆಲಸ ಮಾಡುವ ಕಡೆ ಶಿಶುಪಾಲನಾ ಕೇಂದ್ರ ಇರಬೇಕು, ದಿನಕ್ಕೆ ನಾಲ್ಕು ಸಲ ಅಲ್ಲಿಗೆ ಹೋಗಿ ಬರಲು ನಿಮಗೆ ಹಕ್ಕಿದೆ. ರಜೆ ಮುಗಿಯುವ ಮುನ್ನವೇ ಎಚ್‌ಆರ್‌ಗೆ ಇಮೇಲಿನಲ್ಲಿ ಕೇಳಿ, ಬಾಯಿಮಾತು ಬೇಡ.

ಹಾಲು ಹಿಂಡುವ ಅಭ್ಯಾಸ ಮೂರು ವಾರ ಮೊದಲೇ ಶುರುವಾಗಲಿ. ಬೆಳಗಿನ ಹೊತ್ತು ಎದೆ ತುಂಬಿರುತ್ತದೆ, ಮಗು ಕುಡಿದ ಮೇಲೆ ಉಳಿದದ್ದನ್ನು ಕೈಯಿಂದಲೋ ಪಂಪಿನಿಂದಲೋ ತೆಗೆಯಿರಿ. ಮುಚ್ಚಳವಿರುವ ಸ್ಟೀಲ್ ಡಬ್ಬಿಗಳಲ್ಲಿ 60ರಿಂದ 90 ಮಿ.ಲೀ.ಯಂತೆ ತುಂಬಿ ಹೊತ್ತು ಬರೆದಿಡಿ. ಹೊರಗೆ ನಾಲ್ಕು ಗಂಟೆ, ಫ್ರಿಜ್ಜಿನ ಒಳಗೋಡೆಯ ಪಕ್ಕ 24 ಗಂಟೆ ಎಂದಿಟ್ಟುಕೊಳ್ಳಿ. ಇನ್ನೂ ಹೆಚ್ಚು ಹೊತ್ತು ಇಡಬಹುದು ಎನ್ನುವ ಪಟ್ಟಿಗಳಿವೆ, ಆದರೆ ಕರೆಂಟ್ ಹೋಗಿ ಬರುವ, ಬಾಗಿಲು ಪದೇಪದೇ ತೆರೆಯುವ ನಮ್ಮ ಫ್ರಿಜ್ಜುಗಳಿಗೆ ಇದೇ ಕ್ಷೇಮ. ಕೊಡುವಾಗ ಡಬ್ಬಿಯನ್ನು ಬಿಸಿನೀರಿನ ಪಾತ್ರೆಯಲ್ಲಿ ಇಟ್ಟು ಬೆಚ್ಚಗೆ ಮಾಡಿ, ಒಲೆಯ ಮೇಲೆ ಕುದಿಸಬೇಡಿ. ಮಗು ಬಿಟ್ಟದ್ದನ್ನು ಮತ್ತೆ ಎತ್ತಿಡಬೇಡಿ. ಆಫೀಸಿನಲ್ಲಿ ಮೂರು ಗಂಟೆಗೊಮ್ಮೆ ಹಿಂಡದಿದ್ದರೆ ಎದೆ ಕಲ್ಲುಕಟ್ಟಿ ಜ್ವರ ಬರುತ್ತದೆ, ನಿಧಾನಕ್ಕೆ ಹಾಲೂ ಇಳಿಯುತ್ತದೆ.

ಕುಡಿಸಲು ಬಾಟಲಿ ಕೊಳ್ಳಬೇಡಿ. ಅದರ ಮೊಲೆತೊಟ್ಟಿಗೆ ಒಗ್ಗಿದ ಮಗು ಎದೆಗೆ ಬಾಯಿ ಹಾಕಲು ತಕರಾರು ಮಾಡುತ್ತದೆ, ತೊಳೆಯುವುದೂ ಕಷ್ಟ. ಅವ್ವನ ಪೆಟ್ಟಿಗೆಯಲ್ಲಿ ನಿಮಗೇ ಹಾಲು ಕುಡಿಸಿದ ಒಳಲೆ, ಅಂದರೆ ಮೂತಿಯಿರುವ ಪುಟ್ಟ ಬಟ್ಟಲು, ಇರಬಹುದು, ಕೇಳಿ ನೋಡಿ. ಆಸ್ಪತ್ರೆಗಳಲ್ಲಿ ಅವಧಿಗೆ ಮುಂಚೆ ಹುಟ್ಟಿದ ಮಕ್ಕಳಿಗೆ ನರ್ಸ್‌ಗಳು ಹಾಲು ಕುಡಿಸುವುದು ಅದರಲ್ಲೇ. ಬೆಳ್ಳಿಯದಾಗಲಿ ಸ್ಟೀಲಿನದಾಗಲಿ, ಸೋಪಿನಲ್ಲಿ ತೊಳೆದು, ಮುಳುಗುವಷ್ಟು ನೀರಿನಲ್ಲಿ ಹತ್ತು ನಿಮಿಷ ಕುದಿಸಬೇಕು. ಮಗುವನ್ನು ಮಲಗಿಸಿ ಹುಯ್ಯುವ ಹಳೆಯ ರೀತಿ ಬೇಡ, ನೆತ್ತಿಗೇರುತ್ತದೆ. ತೊಡೆಯ ಮೇಲೆ ತಲೆ ಎತ್ತರವಾಗಿ ಕೂರಿಸಿಕೊಂಡು, ಒಳಲೆಯ ಮೂತಿಯನ್ನು ಕೆಳತುಟಿಯ ಮೂಲೆಗೆ ಇಟ್ಟು ಸ್ವಲ್ಪವೇ ಬಾಗಿಸಬೇಕು. ಮಗು ನುಂಗಿದ್ದು ಕಂಡ ಮೇಲೆ ಮುಂದಿನ ಗುಟುಕು. ಬೆಂಗಳೂರಿನಲ್ಲಿ ಮಗುವನ್ನು ನೋಡಿಕೊಳ್ಳುವವರು ಯಾರೋ, ಅವರ ಕೈಯಲ್ಲಿ ಈ ಅಭ್ಯಾಸವನ್ನು ನೀವು ಮನೆಯಲ್ಲಿ ಇರುವಾಗಲೇ ಹತ್ತು ದಿನ ಮಾಡಿಸಿ, ನೀವು ಮಾತ್ರ ಆ ಹೊತ್ತಿಗೆ ಬೇರೆ ಕೋಣೆಯಲ್ಲಿರಿ. ತಾಯಿಯ ವಾಸನೆ ಹತ್ತಿರವಿದ್ದರೆ ಯಾವ ಮಗುವೂ ಒಳಲೆಗೆ ಬಾಯಿ ತೆರೆಯುವುದಿಲ್ಲ.